ಸಾಣೆಯವನ ಚೀಲದ ಚಾಕುಗಳು

ಸಾಣೆ ಹಿಡಿಯುವವನ ಚೀಲದಲ್ಲಿ ಚಾಕು ಇರದೆ ಬಾಚಣಿಗೆ ಇರುತ್ತದೆಯೇ? ಆದರೂ ನಮ್ಮ ಬೀದಿಯ ಸಾಣೆಯವನನ್ನು ಜೈಲಿನಲ್ಲಿಟ್ಟದ್ದು ಆ ಚಾಕುಗಳ ನೆಪದಲ್ಲೇ.

ಜಗಳ ಆಡಿದ್ದು ನಿಜ. ಮಾರುಕಟ್ಟೆಯ ಬಾಗಿಲಲ್ಲಿ ಸೈಕಲ್ಲು ನಿಲ್ಲಿಸಬೇಡ ಎಂದು ಅಲ್ಲಿನ ಮೇಲ್ವಿಚಾರಕ ಗದರಿದ. ಇವನು ಅವನ ಕೊರಳಪಟ್ಟಿಗೆ ಕೈ ಹಾಕಿದ. ಪೊಲೀಸರು ಕೇಸು ಹಾಕಿ, ಚೀಲದ ಸಮೇತ ಕರೆದೊಯ್ದರು. ಕೋರ್ಟು ಜಾಮೀನು ಕೊಟ್ಟಿತು. ಹೆಂಡತಿ ಜೈಲಿನ ಬಾಗಿಲಲ್ಲಿ ಕಾದಳು. ಅವನು ಹೊರಗೆ ಬರಲಿಲ್ಲ, ಅಧಿಕಾರಿಗಳ ಹೊಸದೊಂದು ಆದೇಶ ಒಳಗೆ ಹೋಯಿತು. ಈತ ಚೀಲದ ತುಂಬ ಚಾಕು ಹೊತ್ತು ಜನರನ್ನು ಹೆದರಿಸುತ್ತಾನೆ, ಬಿಟ್ಟರೆ ಸಾರ್ವಜನಿಕ ಸುವ್ಯವಸ್ಥೆ ಕೆಡುತ್ತದೆ, ಆದ್ದರಿಂದ ಮುಂಜಾಗ್ರತೆಯ ಬಂಧನ ಎಂದು ಅದರಲ್ಲಿತ್ತು. ಮುಂದೆ ಏನೋ ಮಾಡಿಯಾನು ಎಂಬ ಗುಮಾನಿಗೆ ವಿಚಾರಣೆಯಿಲ್ಲದ ಜೈಲು!

ಸಾಣೆಯವನದು ಒಂದು ಪದ್ಧತಿ. ಚಾಕು ತೆಗೆದುಕೊಳ್ಳುವಾಗ ಬಣ್ಣದ ನೂಲೊಂದನ್ನು ಹರಿದು, ಅರ್ಧವನ್ನು ಹಿಡಿಗೆ ಕಟ್ಟುತ್ತಿದ್ದ, ಇನ್ನರ್ಧವನ್ನು ಗಿರಾಕಿಗೆ ಕೊಡುತ್ತಿದ್ದ. ಚಾಕು ಮರಳಿ ಕೊಟ್ಟಾಗ ನೂಲು ವಾಪಸ್. ಮಗ ಜೈಲು ಸೇರಿ, ಚೀಲ ಪೊಲೀಸರ ಬಳಿಯೇ ಉಳಿದ ಮೇಲೆ ಅವನ ತಾಯಿಗೆ ಗಿರಾಕಿಗಳ ಮುಂದೆ ಮಾತಿಗೆ ತಪ್ಪಿದೆವಲ್ಲ ಎಂಬ ಕೊರಗು. ಮನೆಯಲ್ಲಿದ್ದ ಬೇರೆ ಚಾಕು, ಕತ್ತರಿಗಳನ್ನೇ ಅವರಿಗೆ ಕೊಟ್ಟು, ಕೈಮುಗಿದು, ನೂಲುಗಳನ್ನು ತಂದು ಒಲೆಗೆ ಹಾಕಿದಳು. ಪಾಪ, ಮರ್ಯಾದೆ ಉಳಿಸಿಕೊಂಡೆ ಎಂದೇ ಅವಳ ನಂಬಿಕೆ.

ಸೊಸೆ ಸುಮ್ಮನೆ ಕೂರಲಿಲ್ಲ. ಉಚಿತ ಕಾನೂನು ನೆರವಿನ ವಕೀಲೆಯನ್ನು ಮನೆಗೇ ಕರೆತಂದಳು.

"ಇಲ್ಲದ ಇರುವೆ ಮೈಮೇಲೆ ಬಿಟ್ಕೋಬೇಡ ಕಣಮ್ಮ," ಎಂದಳು ಅತ್ತೆ. "ತೆಪ್ಪಗಿದ್ರೆ ಅವರೇ ಬಿಡ್ತಾರೆ."

"ಇಷ್ಟು ದಿನ ತೆಪ್ಪಗೇ ಇದ್ವಲ್ಲ ಅತ್ತೆ, ಬಿಟ್ರಾ? ನಿನ್ನೆ ನೋಡೋಕೆ ಹೋಗಿದ್ದೆ. ಅವರ ಕೈ ಗಡಗಡ ನಡುಗ್ತಿತ್ತು. ಆ ಕೈ ಕೆಟ್ರೆ ನಾವು ಉಣ್ಣೋದೇನು?"

ವಕೀಲೆ ಚಾಪೆಯ ಮೇಲೆ ಕುಳಿತಳು. "ಅಮ್ಮಾ, ಇದು ಕಾನೂನೇ ಕೊಟ್ಟಿರೋ ದಾರಿ. ಯಾಕೆ ಹಿಡಿದಿಟ್ಟಿದ್ದೀವಿ ಅನ್ನೋದನ್ನ ನಿಮ್ಮ ಮಗನಿಗೆ ತಿಳಿಯೋ ಭಾಷೇಲಿ ಬರೆದು ಕೊಡ್ಬೇಕು. ಅದು ತಪ್ಪು ಅಂತ ಮನವಿ ಕೊಡೋ ಹಕ್ಕು ಅವರಿಗಿದೆ. ಆ ಮನವೀನ ತಡಮಾಡದೆ ನೋಡ್ಬೇಕು. ಇಂಥ ಬಂಧನ ಸರಿಯಾ ಅಂತ ನೋಡೋಕೆ ಸಲಹಾ ಮಂಡಳಿ ಅಂತ ಇರುತ್ತೆ. ಸಾಕಷ್ಟು ಕಾರಣ ಇಲ್ಲ ಅಂತ ಅದು ಹೇಳಿದ್ರೆ ಬಿಡಲೇಬೇಕು."

"ಅವನು ಜಗಳ ಆಡಿದ್ದು ಸುಳ್ಳಾ ತಾಯಿ?"

"ಸುಳ್ಳಲ್ಲ. ಆದ್ರೆ ಇಬ್ಬರ ಜಗಳಕ್ಕೆ ಕೇಸಿದೆ, ಕೋರ್ಟಿದೆ. ಇಡೀ ಬೀದಿಯ ಬದುಕೇ ಏರುಪೇರಾದ್ರೆ ಮಾತ್ರ ಸಾರ್ವಜನಿಕ ಸುವ್ಯವಸ್ಥೆ ಮಾತು. ಜಾಮೀನು ಸಿಕ್ಕಿದವನನ್ನ ಹೇಗಾದ್ರೂ ಒಳಗೇ ಇಡೋಕೆ ಇದನ್ನ ಬಳಸೋ ಹಾಗಿಲ್ಲ. ಸರಿ, ಆ ಚಾಕುಗಳು ಯಾರದು?"

"ಗಿರಾಕಿಗಳದು."

"ಅದಕ್ಕೇನಾದ್ರೂ ಗುರುತಿದೆಯಾ?"

ಮುದುಕಿ ಒಲೆಯ ಕಡೆ ನೋಡಿದಳು. "ಅಯ್ಯೋ, ನನ್ನ ಕೈಯಾರೆ ಸುಟ್ಟುಬಿಟ್ಟೆ!" ಎಂದು ಎದೆ ಬಡಿದುಕೊಂಡಳು.

ಉಳಿದದ್ದು ಗಿರಾಕಿಗಳ ಬಾಯಿಮಾತು. ಅತ್ತೆ ಸೊಸೆ ಇಬ್ಬರೂ ಮತ್ತೆ ಅದೇ ಬಾಗಿಲುಗಳಿಗೆ ಹೋದರು. ಮಾಂಸದಂಗಡಿಯವನು, "ನನ್ನದು ಅಂದ್ರೆ ನನ್ನನ್ನೂ ಒಳಗೆ ಹಾಕ್ತಾರೆ," ಎಂದು ಒಳನಡೆದ. ಬಟ್ಟೆ ಹೊಲಿಯುವವಳು, "ಬೇರೆ ಕತ್ತರಿ ಕೊಟ್ರಲ್ಲ, ಮುಗೀತು," ಎಂದಳು. ನಮ್ಮ ಬೀದಿಗೆ ನಾಲಿಗೆಯೇ ಬಿದ್ದುಹೋಗಿತ್ತು.

ಹೋಟೆಲಿನ ಅಡುಗೆಯವನೊಬ್ಬ ಮಾತ್ರ ಸೌಟು ಕೆಳಗಿಟ್ಟು ಎದ್ದುಬಂದ. "ನೂಲು ಸುಟ್ರೆ ನನ್ನ ಚಾಕು ನನ್ನದಲ್ಲದೆ ಹೋಗುತ್ತಾ? ಅದರ ಹಿಡಿಗೆ ಮೊಳೆ ಹೊಡೆದಿದ್ದೇ ನಾನು. ಎಲ್ಲಿ ಸಹಿ ಹಾಕ್ಬೇಕು ಹೇಳಿ." ಅದನ್ನು ಕೇಳಿ ಬಟ್ಟೆ ಹೊಲಿಯುವವಳೂ ತಲೆತಗ್ಗಿಸಿ ಬಂದಳು. ಮಾಂಸದಂಗಡಿಯವನು ಕೊನೆಗೂ ಬರಲಿಲ್ಲ.

ಜೈಲಿನ ಜಾಲರಿಯ ಈಚೆ ನಿಂತು ತಾಯಿಯೇ ಹೇಳಿದಳು: "ಮನವಿಗೆ ಸಹಿ ಹಾಕಪ್ಪ. ನಾನು ಹೆದರಿದ್ದು ಸಾಕು."

ಮಂಡಳಿ ಮನವಿ ನೋಡಿತು, ಸಾಣೆಯವನ ಮಾತನ್ನೂ ಕೇಳಿತು. ಹಿಡಿದಿಡಲು ಸಾಕಷ್ಟು ಕಾರಣವಿಲ್ಲ ಎಂದಿತು. ಅವನು ಮನೆಗೆ ಬಂದ.

ಬಂದ ಮೇಲೆ ಮೊದಲು ಸಾಣೆ ಹಿಡಿದದ್ದು ಅಡುಗೆಯವನ ಚಾಕುವಿಗೆ. ಕಲ್ಲು ತಿರುಗಿತು, ಕೈ ನಿಲ್ಲಲಿಲ್ಲ. ಅಲಗು ಜಾರಿ ಬೆರಳು ಕೊಯ್ದಿತು. ತಾಯಿ ಸೆರಗಿನಿಂದ ರಕ್ತ ಒತ್ತಿ ಹಿಡಿದು, "ಮೊದಲೇ ಹೋಗಿ ನ್ಯಾಯ ಕೇಳಿದ್ರೆ ಈ ಕೈ ಹೀಗಾಗ್ತಿರಲಿಲ್ಲ," ಎಂದು ಅತ್ತಳು. ಆ ನಡುಕ ಇಂದಿಗೂ ಹೋಗಿಲ್ಲ.

ಅಕ್ಕಂದಿರೇ, ಅಣ್ಣಂದಿರೇ, ನಿಮ್ಮ ಮನೆಯವರನ್ನು ಹೀಗೆ ಹಿಡಿದಿಟ್ಟರೆ ಬಾಯಿ ಮುಚ್ಚಿ ಕೂರಬೇಡಿ. ಕಾರಣಗಳ ಪ್ರತಿ ಕೇಳಿ. ಉಚಿತ ಕಾನೂನು ನೆರವಿನ ಕಚೇರಿಗೆ ಅಂದೇ ಹೋಗಿ. ಮನವಿ ಕೊಡಿಸಿ. ಅಲ್ಲಿ ಆಗದಿದ್ದರೆ ಮೇಲಿನ ಕೋರ್ಟಿದೆ. ಏನನ್ನೂ ಸುಡಬೇಡಿ, ಎಸೆಯಬೇಡಿ. ಪಕ್ಕದ ಮನೆಯವರಿಗೆ ಈ ಗತಿ ಬಂದು, ಅವರ ಚೀಲದಲ್ಲಿರುವ ಚಾಕು ನಿಮ್ಮದಾಗಿದ್ದರೆ, ನನ್ನದು ಎಂದು ಬಾಯಿಬಿಟ್ಟು ಹೇಳಿ.