ಸಂತೆ ದಿನದ ಟಪಾಲು

ಪೋಸ್ಟ್‌ಮ್ಯಾನ್ ಮರಿಯಯ್ಯನದು ಮೂರು ಹಳ್ಳಿಗಳ ಬಟವಾಡೆ. ಮಳವಳ್ಳಿಯಿಂದ ಬಸ್ಸಿನಲ್ಲಿ ಬಂದ ಟಪಾಲು ಹಿಡಿದು ದಿನವೂ ಏಳು ಮೈಲಿ ನಡೆಯಬೇಕೆಂದು ಕಾನೂನು. ಮರಿಯಯ್ಯ ಕಾನೂನಿಗಿಂತ ಬುದ್ಧಿವಂತ. ಶುಕ್ರವಾರ ಮೂರು ಹಳ್ಳಿಯವರೂ ತಾವಾಗಿಯೇ ಸಂತೆಗೆ ಬರುವಾಗ ಸುಮ್ಮನೆ ಕಾಲು ಸವೆಸುವುದೇಕೆ? ವಾರದ ಕಾಗದಗಳನ್ನೆಲ್ಲ ಕಟ್ಟಿಟ್ಟು, ಸಂತೆಯಲ್ಲಿ ಕೂತು ಹೆಸರು ಕೂಗಿ ಹಂಚುತ್ತಿದ್ದ. ಓದು ಬಾರದವರಿಗೆ ಅಲ್ಲೇ ಓದಿಯೂ ಹೇಳುತ್ತಿದ್ದ. ದಿನಚರಿಯಲ್ಲಿ ಮಾತ್ರ ದಿನವೂ ಊರೂರು ಸುತ್ತಿದಂತೆ ಬರೆಯುತ್ತಿದ್ದ. ಜನ ಹೊಗಳಿದರು, ಅವನೂ ಉಬ್ಬಿದ.

ಎಪ್ಪತ್ನಾಲ್ಕನೇ ಇಸವಿಯಲ್ಲಿ ಹೊಂಬಾಳಮ್ಮನ ಮಗಳು ಮಂಗಳಳಿಗೆ ಮಂಡ್ಯದಲ್ಲಿ ಮೇಷ್ಟ್ರ ತರಬೇತಿಗೆ ಸಂದರ್ಶನದ ಕಾರ್ಡು ಬಂತು. ಬಂದದ್ದು ಶನಿವಾರ, ಸಂದರ್ಶನ ಬುಧವಾರ. ಮರಿಯಯ್ಯ ಅದನ್ನು ಸಂತೆಯಲ್ಲಿ ಹೊಂಬಾಳಮ್ಮನ ಕೈಗಿತ್ತದ್ದು ಶುಕ್ರವಾರ.

ಮಂಗಳ ಅತ್ತುಕೊಂಡು ಕೂರುವ ಹುಡುಗಿಯಲ್ಲ. ಕಾರ್ಡಿನ ಮೇಲಿನ ಮೊಹರು ನೋಡಿ ಮೇಲಿನವರಿಗೆ ದೂರು ಬರೆದಳು. ಹದಿನೈದು ದಿನಕ್ಕೆ ಇನ್‌ಸ್ಪೆಕ್ಟರ್ ಪಾರ್ಥಸಾರಥಿ ವಿಚಾರಣೆಗೆ ಬಂದರು. ತಪ್ಪು ರುಜುವಾತಾದರೆ ಕೆಲಸ ಹೋಗುತ್ತದೆಂದು ಮರಿಯಯ್ಯನಿಗೆ ಮೊದಲೇ ಹೇಳಿದ್ದರು. ಅವನು ಬೆವರುತ್ತ ನಿಂತಿದ್ದ.

"ಕಾರ್ಡು ಯಾವತ್ತು ಕೊಟ್ಟರಮ್ಮ ಇವರು?" ಎಂದು ಹೊಂಬಾಳಮ್ಮನನ್ನು ಕೇಳಿದರು.

ಹೊಂಬಾಳಮ್ಮ ಮರಿಯಯ್ಯನ ಮುಖ ನೋಡಿದಳು. "ಸನಿವಾರವೇ ತಂದ್ಕೊಟ್ರು ಸ್ವಾಮಿ. ನಾನೇ ಸೂರಿಗೆ ಸಿಗಿಸಿ ಮರ್ತ್ಬುಟ್ಟೆ."

ಪಕ್ಕದಲ್ಲಿದ್ದ ಮಂಗಳ ತಾಯಿಯತ್ತ ತಿರುಗಿದಳು. ಹೇಳಿಕೆಗೆ ಹೆಬ್ಬೆಟ್ಟು ಬೇಕಾಯಿತು. ವಾಡಿಕೆಯಂತೆ ಮರಿಯಯ್ಯನೇ ಹೊಂಬಾಳಮ್ಮನ ಬೆರಳು ಹಿಡಿದು ಮಸಿಗೆ ಒತ್ತಿ, ಆ ಸುಳ್ಳಿನ ಕೆಳಗೆ ಊರಿಸಿದ. ನಿಜ ಮಾತ್ರ ಬಾಯಿಬಿಟ್ಟು ಹೇಳಲಿಲ್ಲ. ಕೆಲಸ ಉಳಿಯಿತು.

ಮರುದಿನ ದಾರಿಯಲ್ಲಿ ಸಿಕ್ಕಾಗ ಹೊಂಬಾಳಮ್ಮ ಹೇಳಿದ್ದು ಇಷ್ಟೇ: "ನಿಮ್ಗೆ ಮೂರು ಎಣ್ಮಕ್ಳವೆ ಕಣಣ್ಣ." ಅವನು ತಲೆಯೆತ್ತದೆ ಸರಿದುಹೋದ. ಅಂದಿನಿಂದ ದಿನವೂ ಏಳು ಮೈಲಿ ನಡೆದ. ಎಷ್ಟು ನಡೆದರೂ ನಾಚಿಕೆ ಹಿಂದೆಯೇ ಬಂತು.

ಎರಡು ತಿಂಗಳ ಮೇಲೆ ಮಂಗಳಳ ಹೆಸರಿಗೆ ಅಂಚೆ ಇಲಾಖೆಯ ಕಾಗದ ಬಂತು. ಬಂದ ದಿನವೇ ಮರಿಯಯ್ಯ ಕೊಂಡೊಯ್ದ. ಹೊಂಬಾಳಮ್ಮ ಒಬ್ಬಳೇ ರಾಗಿ ಕೇರುತ್ತಿದ್ದಳು.

"ಮಂಗ್ಳ ಎಲ್ಲಿ?"

"ಮದ್ದೂರಲ್ಲಿ, ನಮ್ಮಣ್ಣನ ಮನೇಲಿ. ನೀವೇ ಓದಿ."

ಓದಿದ. ದೂರಿನಲ್ಲಿ ಹುರುಳಿಲ್ಲ, ಕಾರ್ಡು ಸಕಾಲಕ್ಕೆ ತಲುಪಿದೆ, ದೂರುದಾರರ ತಾಯಿಯ ಅಲಕ್ಷ್ಯವೇ ಕಾರಣ. ತನ್ನ ಬಾಯಿಂದಲೇ ಇದು ಹೊರಡಬೇಕೆ ಎಂದು ಅವನಿಗೆ ಭೂಮಿ ಬಾಯಿಬಿಡಬಾರದೆ ಅನ್ನಿಸಿತು.

"ಸರ್ಯಾಗೇ ಬರ್ದವ್ರೆ ಬುಡಿ," ಎಂದಳು.

"ಮಗ್ಳು ಯಾವಾಗ ಬತ್ತಾಳೆ?"

ಹೊಂಬಾಳಮ್ಮ ಮೊರ ಕೆಳಗಿಟ್ಟಳು. "ಬರಾಕಿಲ್ಲ. 'ನನ್ ಬಾಳು ಆಳು ಮಾಡ್ದೋಳು ನೀನೇ' ಅಂದ್ಬುಟ್ಟು ಒಂಟೋದ್ಲು. ಆವತ್ತಿಂದ ಮಾತಿಲ್ಲ."

"ನಿಜ ಏಳ್ನಿಲ್ವಾ?"

"ಏಳುದ್ರೆ ಸುಮ್ಕಿರ್ತಾಳಾ? ತಿರ್ಗಾ ಅರ್ಜಿ ಬರೀತಾಳೆ. ನಿಮ್ ಕೆಲ್ಸ ಓಯ್ತದೆ."

ಹೇಳದೇ ಇದ್ದಳಲ್ಲ ಎಂದು ಒಂದು ಗಳಿಗೆ ಮರಿಯಯ್ಯನ ಜೀವಕ್ಕೆ ಹಾಯೆನಿಸಿತು. ಆ ಹಾಯೆನಿಸಿದ್ದಕ್ಕೇ ಅವನಿಗೆ ತನ್ನ ಮೇಲೆ ಹೇಸಿಗೆ ಹುಟ್ಟಿತು. ಈಕೆ ಮಗಳನ್ನೇ ಕಳೆದುಕೊಂಡು ನನ್ನ ಒಲೆ ಉರಿಸಿದ್ದಾಳೆ. ನಾನು ಗಂಡಸೆಂದು ಖಾಕಿ ತೊಟ್ಟು ತಿರುಗುತ್ತಿದ್ದೇನೆ.

ಚೀಲದಿಂದ ಒಂದು ಕಾರ್ಡು ತೆಗೆದು, ಜಗುಲಿಯ ಮೇಲೆ ಕೂತು ಬರೆಯತೊಡಗಿದ. ಹೊಂಬಾಳಮ್ಮನಿಗೆ ಅರ್ಥವಾಯಿತು. "ಬ್ಯಾಡ ಕಣಣ್ಣ, ಮಕ್ಳ ಗತಿ ನೋಡಿ," ಎಂದಳು. ಅವನು ನಿಲ್ಲಿಸಲಿಲ್ಲ.

"ಏನ್ ಬರುದ್ರಿ?"

ಮರಿಯಯ್ಯ ಓದಿದ. "ಮಂಗಳ, ನಿನ್ನ ಕಾರ್ಡನ್ನು ಆರು ದಿನ ಇಟ್ಟುಕೊಂಡವನು ನಾನು. ನಿನ್ನ ತಾಯಿ ಮರೆತಿಲ್ಲ. ನನ್ನ ಕೆಲಸ ಉಳಿಸಲು ಸುಳ್ಳು ಹೇಳಿದಳು, ನಾನು ಹೇಳಲು ಬಿಟ್ಟೆ. ಈ ಕಾರ್ಡನ್ನೇ ಇನ್‌ಸ್ಪೆಕ್ಟರಿಗೆ ತೋರಿಸು. ಮರಿಯಯ್ಯ, ಪೋಸ್ಟ್‌ಮ್ಯಾನ್."

ಹೊಂಬಾಳಮ್ಮ ಸೆರಗಿನಿಂದ ಕಣ್ಣೊರೆಸಿಕೊಂಡಳು. ಬೇಡವೆಂದು ಮತ್ತೆ ಹೇಳಲಿಲ್ಲ.

"ಅವ್ವ ಮರ್ತಿಲ್ಲ ಅಂತ ಬರ್ದಿದ್ದೀರಲ್ಲ," ಎಂದಳು, "ಅಷ್ಟು ಮಾತ್ರ ಇನ್ನೊಂದ್ಸಲ ಓದಿ."