ಸ್ತ್ರೀಪಾರ್ಟಿನ ಫಕೀರಪ್ಪನ ಮೀಸೆ

"ಮುಂದಿನ ಕ್ಯಾಂಪಿನ್ಯಾಗ ನಾ ಮೀಸಿ ಹಚ್ಚಿ ರಾಜನ ಪಾರ್ಟು ಮಾಡ್ತೀನಿ. ನೀ ಮುಂದಿನ ಸಾಲಿನ್ಯಾಗ ಕುಂತು ಕಣ್ಣಾರೆ ನೋಡು."

ಮದುವೆಯಾದ ಮೂರನೆಯ ತಿಂಗಳು ತಡಸದ ಫಕೀರಪ್ಪ ಹೆಂಡತಿ ಸಾವಂತ್ರೆವ್ವನಿಗೆ ಹೀಗೆ ಮಾತು ಕೊಟ್ಟ. ನಾನು ಹುಟ್ಟಿದ್ದೇ ಆ ಮಾತಿಗಾಗಿ. ನಾನೊಂದು ಹಚ್ಚುವ ಮೀಸೆ.

ಫಕೀರಪ್ಪ ಕೊಟ್ರಪ್ಪ ಮಾಲಕರ ನಾಟಕ ಕಂಪನಿಯಲ್ಲಿ ಸ್ತ್ರೀಪಾರ್ಟು ಮಾಡುತ್ತಿದ್ದ. ಅವನು ರಾಣಿಯಾಗಿ ಬಂದರೆ ಗಂಡಸರು ಶಿಳ್ಳೆ ಹೊಡೆಯುವುದನ್ನು ಮರೆತು ಕೂರುತ್ತಿದ್ದರು. ಹೆಂಗಸರು ಅವನ ಸೆರಗಿನ ಅಂಚನ್ನೇ ನೋಡುತ್ತಿದ್ದರು. ಸಾವಂತ್ರೆವ್ವ ತವರಿಗೆ ಹೋದರೆ ಓಣಿಯವರಿಗೆಲ್ಲ ಒಂದೇ ಮಾತು: "ನಿನ್ನ ಗಂಡ ನಿರಿಗಿ ಹೆಂಗ ಹಿಡೀತಾನ, ನಮಗೂ ಒಂದೀಟು ಕಲಿಸವ್ವ." ಅವಳು ಅವರ ಜೊತೆ ನಕ್ಕು, ಮನೆಗೆ ಬಂದು ಅತ್ತಳು. ಆ ಅಳುವಿಗೆ ಅವನು ಕೊಟ್ಟ ಉತ್ತರವೇ ಆ ಮಾತು.

ಬಾಚಿದಾಗ ಉದುರಿದ ಕೂದಲನ್ನು ಉಂಡೆ ಕಟ್ಟಿ ಗೋಡೆಯ ಸಂದಿಯಲ್ಲಿಟ್ಟು, ಕೂದಲು ಕೊಳ್ಳುವವಳು ಬಂದಾಗ ಸೂಜಿ ಪಿನ್ನು ತೆಗೆದುಕೊಳ್ಳುವುದು ಆ ಕಡೆಯ ಹೆಂಗಸರ ರೂಢಿ. ಆ ವರ್ಷ ಸಾವಂತ್ರೆವ್ವ ಸೂಜಿ ಕೊಳ್ಳಲಿಲ್ಲ. ಉಂಡೆಗಳನ್ನೆಲ್ಲ ಕಂಪನಿಯಲ್ಲಿ ನಟರಿಗೆ ಬಣ್ಣ ಹಚ್ಚುವ ಮೌಲಾಸಾಬನ ಕೈಗಿಟ್ಟಳು. ಅವನು ತೆಳುವಾದ ಜಾಳಿಗೆ ಬಟ್ಟೆಗೆ ಒಂದೊಂದೇ ಎಳೆ ಗಂಟು ಹಾಕಿ, ವಾರಗಟ್ಟಲೆ ಕೂತು ನನ್ನನ್ನು ಮಾಡಿದ. ತುದಿಯನ್ನು ಬೆರಳಲ್ಲಿ ಹುರಿಮಾಡಿ, "ಹುಲಿ ಮೀಸಿ ಆತು ನೋಡವ್ವ. ಮಾರಿ ಅಷ್ಟ ಹುಡುಕೋದು ಬಾಕಿ" ಎಂದ. ಆಮೇಲೆ ನನ್ನನ್ನು ಒಂದು ನಶ್ಯದ ಡಬ್ಬಿಯಲ್ಲಿಟ್ಟು ಮುಚ್ಚಿದರು.

ಮುಂದಿನ ಕ್ಯಾಂಪು ಬಂತು, ಅದರ ಮುಂದಿನದೂ ಬಂತು. ಗದಗ, ಇಳಕಲ್ಲು, ಅಥಣಿ. ನಾನು ಡಬ್ಬಿಯಲ್ಲೇ ಇದ್ದೆ. ನಶ್ಯದ ಘಾಟು, ಕತ್ತಲೆ, ಹೊರಗೆ ಹಾರ್ಮೋನಿಯಂ. ಪ್ರತಿ ಊರಲ್ಲೂ ಫಕೀರಪ್ಪ ಮಾಲಕರ ಮುಂದೆ ಕೈಕಟ್ಟಿ ನಿಂತು ಕೇಳುತ್ತಿದ್ದ. ಅವರು ಬೈಯುತ್ತಿರಲಿಲ್ಲ, ಅದೇ ತೊಂದರೆ. ಎಲೆಯಡಿಕೆ ಕೊಟ್ಟು, ಬೆನ್ನು ಸವರಿ, "ನಿನ್ನ ನೋಡಾಕ ಮಂದಿ ಚಕ್ಕಡಿ ಕಟಿಗೊಂಡು ಬರ್ತಾರಪಾ. ರಾಜಾ ಯಾರರ ಆಗ್ತಾರ, ರಾಣಿ ಎಲ್ಲಿಂದ ತರ್ಲಿ?" ಎನ್ನುತ್ತಿದ್ದರು. ಹೊಗಳಿಕೆಯೇ ಅವನಿಗೆ ಕಾಲುಬೇಡಿಯಾಗಿತ್ತು. ದಿನಕ್ಕೆರಡು ಸಲ ಗಡ್ಡ ಹೆರೆದು ಅವನ ಕೆನ್ನೆ ಹಸಿರುಗಟ್ಟಿತ್ತು.

ಒಂದು ಸಲ ಮಾತ್ರ ಮುಚ್ಚಳ ತೆರೆಯಿತು. ರಾಣೆಬೆನ್ನೂರಿನ ಕ್ಯಾಂಪಿನಲ್ಲಿ ರಾಜನ ಪಾರ್ಟಿನವನಿಗೆ ವಿಷಮಜ್ವರ ಬಂದು ಫಕೀರಪ್ಪನೇ ರಾಜನಾಗಿ ರಂಗಕ್ಕೆ ಹೋಗಬೇಕಾಯಿತು. ಸಾವಂತ್ರೆವ್ವ ಹೆರಿಗೆಗೆ ತವರಿಗೆ ಹೋಗಿದ್ದಳು. ಅವಳಿಗೆ ಹೇಳಿ ಕಳಿಸುವಷ್ಟೂ ಹೊತ್ತಿರಲಿಲ್ಲ. ಮೌಲಾಸಾಬ ಅಂಟು ಸವರಿ ನನ್ನನ್ನು ಒತ್ತಿದ. ಆ ತುಟಿ ನಡುಗುತ್ತಿದ್ದುದು ಬಲ್ಲದ್ದು ನಾನೊಬ್ಬನೇ. ಪರದೆ ಎದ್ದಿತು. ಅವನು ಗಂಭೀರವಾಗಿ ನಡೆದು ಹೋದ, ಮೊದಲ ಮಾತು ಗುಡುಗಿದಂತೆ ಬಂತು, ಮಂದಿ ಬೆರಗಾದರು. ಆಮೇಲೆ ಸಿಂಹಾಸನದ ಮೇಲೆ ಕೂರಬೇಕಾಯಿತು. ಕೂರುವ ಮುನ್ನ ಅವನ ಎಡಗೈ ತಾನಾಗಿಯೇ ಮುಂದೆ ಬಂದು, ಇಲ್ಲದ ಸೀರೆಯ ನಿರಿಗೆಯನ್ನು ಒಟ್ಟುಮಾಡಿ ಸರಿಸಿತು.

ಇಡೀ ಥೇಟರು ನಕ್ಕಿತು. ನಗು ನಿಲ್ಲುವವರೆಗೆ ಅವನು ಸಿಂಹಾಸನದ ಮೇಲೆ ಕೂತೇ ಇದ್ದ. ಬೆವರಿಗೆ ನನ್ನ ಒಂದು ಅಂಚು ಬಿಟ್ಟುಕೊಂಡಿತು.

ಈ ಸಂಗತಿಯನ್ನು ಅವನು ಹೆಂಡತಿಗೆ ಹೇಳಲಿಲ್ಲ. ಮಗಳನ್ನೆತ್ತಿಕೊಂಡು ಅವಳು ಬಂದಾಗ, ಮುಂದಿನ ಕ್ಯಾಂಪಿನ್ಯಾಗ ನೋಡೂಣು ಎಂದ.

ಮುಂದೆ ಕಂಪನಿ ಮುಳುಗಿತು, ಸಿನಿಮಾ ಕರೆಯಿತು. ಮದರಾಸಿನಲ್ಲಿ ಹೊಸ ಮುಖವಾಗಬಹುದೆಂದು ಅವನು ನನ್ನನ್ನೂ ಒಯ್ದ. ಗೌಡನ ಪಾತ್ರ ಕೇಳಿದಾಗ ನಿರ್ದೇಶಕ ಮರ್ಯಾದೆಯಿಂದಲೇ ಹೇಳಿದ: "ಫಕೀರಪ್ಪನೋರೇ, ನೀವು ಮೀಸೆ ಹಚ್ಕೊಂಡ್ರೆ, ಫಕೀರಪ್ಪ ಯಾವಾಗ ಬರ್ತಾರೆ ಅಂತ ಜನ ಕಾಯ್ತಾ ಕೂತ್ಕೊತಾರೆ." ಮೊದಲ ಚಿತ್ರದಲ್ಲಿ ಹೆಣ್ಣು ವೇಷ ಹಾಕಿ ಜಮೀನ್ದಾರನನ್ನು ಬೇಸ್ತು ಬೀಳಿಸುವ ದೃಶ್ಯವೊಂದಿತ್ತು. ನಾಡೇ ನಕ್ಕಿತು. ಅಲ್ಲಿಂದ ಪ್ರತಿ ಚಿತ್ರಕ್ಕೂ ಒಂದು ಸೀರೆಯ ದೃಶ್ಯ ಕಡ್ಡಾಯವಾಯಿತು. ಅವನ ಚಿತ್ರ ಕ್ಯಾಲೆಂಡರಿನಲ್ಲಿ ಬಂತು, ಬೆಂಕಿಪೊಟ್ಟಣದ ಮೇಲೆ ಬಂತು. ಸಾವಂತ್ರೆವ್ವ ಎಲ್ಲ ಚಿತ್ರಗಳನ್ನೂ ನೋಡಿದಳು. ಮನೆಗೆ ಬಂದು, ಈ ಸಲ ಸೀರಿ ಬಣ್ಣ ಚಲೋ ಇತ್ತು ಎನ್ನುವಳು. ಅಷ್ಟೇ.

ಅವಳಿಗೆ ಸಕ್ಕರೆ ಕಾಯಿಲೆ ಬಂದು ಅದು ಕಣ್ಣಿಗಿಳಿಯಿತು. ದೃಷ್ಟಿ ಉಳಿದರೆ ಆರು ತಿಂಗಳು ಎಂದರು ಡಾಕ್ಟರು. ಆ ಸಂಜೆ ಫಕೀರಪ್ಪ ನನ್ನನ್ನು ಹೊರತೆಗೆದು ಕೊಬ್ಬರಿ ಎಣ್ಣೆ ಸವರಿ ತಿದ್ದಿದ. ಹಳೆಯ ಕಂಪನಿಯಲ್ಲಿ ಉಳಿದವರನ್ನು ಕರೆಸಿ, ಹುಬ್ಬಳ್ಳಿಯಲ್ಲಿ ಒಂದೇ ಒಂದು ಆಟವಾಡಿಸಲು ಥೇಟರು ಗೊತ್ತುಮಾಡಿದ. ದಿನಾಲೂ ಕುರ್ಚಿಯ ಮೇಲೆ ಕೂತು ಏಳುವುದನ್ನು ಅಭ್ಯಾಸ ಮಾಡುತ್ತಿದ್ದ, ಕೈಗಳನ್ನು ತೊಡೆಯ ಮೇಲೆ ಬಿಗಿಹಿಡಿದು.

ಆಟಕ್ಕೆ ಹತ್ತು ದಿನವಿದ್ದಾಗ ಮದರಾಸಿನಿಂದ ತಾರು ಬಂತು. ಸೀರೆಯ ದೃಶ್ಯದ ರೀಲು ಕೆಟ್ಟಿದೆ, ಎರಡು ದಿನ ಬಂದು ಹೋಗಿ. ಕರಾರಿಗೆ ಸಹಿ ಹಾಕಿದ್ದ, ಹೋದ. ಎರಡು ದಿನ ಹತ್ತೊಂಬತ್ತಾಯಿತು. ಆಟ ನಿಂತಿತು. ಅವನು ತಿರುಗಿ ಬಂದಾಗ ಸಾವಂತ್ರೆವ್ವ ಬಾಗಿಲ ಚೌಕಟ್ಟನ್ನು ತಡಕುತ್ತ ಎದುರುಗೊಂಡಳು. ಬಲಗಣ್ಣು ಮೊದಲೇ ಹೋಗಿತ್ತು, ಎಡಗಣ್ಣಿನಲ್ಲಿ ರಕ್ತನಾಳ ಒಡೆದು ಅದೂ ಕತ್ತಲಾಗಿತ್ತು.

ಅವನು ಬಟ್ಟೆ ಬದಲಿಸಲಿಲ್ಲ. ನನ್ನನ್ನು ಹಚ್ಚಿಕೊಂಡು ಅವಳ ಮುಂದೆ ನಿಂತು, ರಾಜನ ಮಾತುಗಳನ್ನು ಮೊದಲಿನಿಂದ ಕೊನೆಯವರೆಗೂ ಒಪ್ಪಿಸಿದ. ಎಲ್ಲಿಯೂ ತಡವರಿಸಲಿಲ್ಲ. ಅವಳು ಕೈ ಚಾಚಿ ನನ್ನನ್ನು ಮುಟ್ಟಿದಳು.

"ಧ್ವನಿ ಚಲೋ ಐತಿ," ಎಂದಳು. ನನ್ನ ತುದಿಯನ್ನು ಸವರುತ್ತ, "ಹೊಂದತೈತೇನ್ರಿ ನಿಮಗ?" ಎಂದು ಕೇಳಿದಳು.

ಫಕೀರಪ್ಪ ಗೋಡೆಯ ಕನ್ನಡಿ ನೋಡಿದ. "ಹೊಂದತೈತಿ," ಎಂದ.

ಈಗ ಇಬ್ಬರೂ ಇಲ್ಲ. ನಾನು ಒಂದು ರಂಗಸಂಗ್ರಹಾಲಯದ ಗಾಜಿನ ಪೆಟ್ಟಿಗೆಯಲ್ಲಿದ್ದೇನೆ. "ಮಹಾನ್ ನಟ ಫಕೀರಪ್ಪನವರು ರಾಜನ ಪಾತ್ರಗಳಲ್ಲಿ ಧರಿಸುತ್ತಿದ್ದ ಮೀಸೆ" ಎಂದು ಚೀಟಿ ಅಂಟಿಸಿದ್ದಾರೆ. ಓದಿದವರು ತಲೆಯಾಡಿಸಿ ಮುಂದೆ ಹೋಗುತ್ತಾರೆ. ಗಾಜಿನೊಳಗಿಂದ ನಾನು ಯಾರಿಗೆ ತಿದ್ದಿ ಹೇಳಲಿ? ಜನ ತಮಗೆ ಬೇಕಾದ ಫಕೀರಪ್ಪನನ್ನು ಆಗಲೂ ಮಾಡಿಕೊಂಡಿದ್ದರು, ಈಗಲೂ ಮಾಡಿಕೊಂಡಿದ್ದಾರೆ. ಅವನು ಹೇಗಿರಬೇಕೆಂದು ಬಯಸಿದ್ದನೋ ಅದನ್ನು ಕಿವಿಯಾರೆ ಕೇಳಿದವಳು ಒಬ್ಬಳು ಮಾತ್ರ.

ನಾನು ರಂಗದ ಮೇಲಿದ್ದದ್ದು ಒಂದೇ ಪ್ರವೇಶ. ಸಾವಂತ್ರೆವ್ವ ಅದನ್ನು ನೋಡಲಿಲ್ಲ. ಕೊಟ್ಟ ಮಾತು ನಡೆಯಲಿಲ್ಲ.