ಎಂಬತ್ತೈದರಲ್ಲಿ ಓಡಿದ ಅಂಚೆಯವನು

ಅಕ್ಕನಿಗೆ ಮೋಸ ಮಾಡಬೇಕೆಂದು ತಂಗಿ ತೀರ್ಮಾನಿಸಿದ್ದು ಒಂದು ಸೋಮವಾರ. ಒಳ್ಳೆಯ ಉದ್ದೇಶದ ಮೋಸ ಅನ್ನಿ. ಆದರೂ ಮೋಸ ಮೋಸವೇ.

ಅಕ್ಕನದು ಪಿಯಾನೋಗಳಿಗೆ ಶ್ರುತಿ ಕೂಡಿಸುವ ಕೆಲಸ. ಮೂವತ್ತು ವರ್ಷ ಊರಿನ ಪಿಯಾನೋಗಳನ್ನೆಲ್ಲ ಕಿವಿ ಹಿಂಡಿ ದಾರಿಗೆ ತಂದವಳು. ಬಲಗೈ ಮಣಿಕಟ್ಟಿಗೆ ಆಪರೇಷನ್ ಆದ ಮೇಲೆ ಬೆರಳುಗಳು ಮಾತು ಕೇಳದಾದವು. ವ್ಯಾಯಾಮ ಮಾಡಿದರೆ ಸರಿಹೋಗುತ್ತದೆ ಎಂದು ಡಾಕ್ಟರಮ್ಮ ಹೇಳಿದರೂ ಅಕ್ಕ ಜಪ್ಪಯ್ಯ ಎನ್ನಲಿಲ್ಲ. ಅದಕ್ಕೆಂದು ಕೊಟ್ಟ ಸ್ಪಂಜಿನ ಚೆಂಡನ್ನು ಮಂಚದ ಕೆಳಗೆಸೆದು, "ಈ ಕೈ ಕಥೆ ಮುಗೀತು ಬಿಡೇ" ಎಂದು ಗೋಡೆ ಕಡೆ ತಿರುಗಿ ಮಲಗಿದಳು. ಮೂರು ತಿಂಗಳಿಂದ ಚಮಚವೂ ಎಡಗೈಯಲ್ಲೇ.

ತಂಗಿ ಹಲ್ಲಿನ ಸೆಟ್ಟು ತಯಾರಿಸುವ ಲ್ಯಾಬಿನವಳು. ಚಿಕ್ಕಂದಿನಲ್ಲಿ ಇಬ್ಬರೂ ಆಡುತ್ತಿದ್ದ ವಿಡಿಯೊ ಗೇಮಿನ ಕಾರ್ಟ್ರಿಜ್ ಅವಳ ಬಳಿ ಇನ್ನೂ ಇತ್ತು. ನಾಯಿಗಳಿಂದ ತಪ್ಪಿಸಿಕೊಂಡು ಛಾವಣಿಯಿಂದ ಛಾವಣಿಗೆ ಜಿಗಿಯುವ ಅಂಚೆಯವನ ಆಟ. ಅದರಲ್ಲಿ ಅಕ್ಕನನ್ನು ಸೋಲಿಸಿದವರಿಲ್ಲ. ಅದನ್ನು ಹಾಕಿ ಆಡುವ ಯಂತ್ರ ಗುಜರಿ ಸೇರಿತ್ತು, ಮಾಡಿದ ಕಂಪನಿ ಬಾಗಿಲು ಹಾಕಿತ್ತು. ತಂಗಿ ಕಾರ್ಟ್ರಿಜ್‌ನಿಂದ ಆಟವನ್ನು ಕಂಪ್ಯೂಟರಿಗೆ ಇಳಿಸಿ, ಹಳೆಯ ಯಂತ್ರದಂತೆ ನಟಿಸುವ ಎಮ್ಯುಲೇಟರಿನಲ್ಲಿ ಓಡಿಸಿದಳು.

"ಇದು ಕಳ್ಳಮಾಲಲ್ವಾ?" ಎಂದ ಅವಳ ಗಂಡ, ಬಟ್ಟೆ ಮಡಚುತ್ತಾ.

"ದುಡ್ಡು ಕೊಟ್ಟು ತಗೊಂಡಿದ್ದೇ. ಊರಿಗೆಲ್ಲ ಹಂಚ್ತಾ ಇಲ್ಲವಲ್ಲ?"

"ಕಾನೂನು ಹಾಗನ್ನುತ್ತಾ?"

"ಒಂದೊಂದು ಕಡೆ ಒಂದೊಂದು ಥರ ಅನ್ನುತ್ತೆ. ನೀನು ಬಟ್ಟೆ ಮಡಚು."

ಅಸಲಿ ಕಿತಾಪತಿ ಆಮೇಲಿನದು. ಆಟದ ವೇಗವನ್ನು ಶೇಕಡಾ ನೂರರಿಂದ ಎಂಬತ್ತೈದಕ್ಕೆ ಇಳಿಸಿದಳು. ಒಂದು ಬೀದಿ, ಅಂದರೆ ಆಟದ ಒಂದು ಹಂತ, ಗೆದ್ದರೂ ಸಾಕು, ಅಕ್ಕನಿಗೆ ಕೈ ಮೇಲೆ ನಂಬಿಕೆ ಬರುತ್ತದೆ ಎಂಬ ಲೆಕ್ಕಾಚಾರ. ಹೇಳಿ ಮಾಡುವಂತಿರಲಿಲ್ಲ, ಅಕ್ಕನಿಗೆ ಕೋಪ ಮೂಗಿನ ತುದಿಯಲ್ಲೇ.

ಅಕ್ಕ ಗೊಣಗುತ್ತಾ ಬಂದು ಕೂತಳು. ಆಟದ ಹಾಡು ಶುರುವಾಯಿತು. ಮೂರೇ ಸೆಕೆಂಡು.

"ಇದು ಮೂರು ಮನೆ ಕೆಳಗಿದೆ," ಎಂದಳು ಅಕ್ಕ.

"ಏನು?"

"ಹಾಡಿನ ಶ್ರುತಿ ಕಣೇ, ಪಿಯಾನೋದ ಮೂರು ಮನೆಯಷ್ಟು ಇಳಿದಿದೆ. ನಿಧಾನ ಮಾಡಿದ್ದೀಯಾ?"

ವೇಗ ಇಳಿಸಿದರೆ ಹಾಡಿನ ಶ್ರುತಿಯೂ ಇಳಿಯುತ್ತದೆ ಎಂಬುದು ತಂಗಿಯ ತಲೆಗೇ ಹೊಳೆದಿರಲಿಲ್ಲ. ಲ್ಯಾಬಿನ ಗರಗರದಲ್ಲಿ ಅವಳ ಕಿವಿ ಎಂದೋ ಕೈಕೊಟ್ಟಿತ್ತು. ಇನ್ನೇನು ಮಾಡುವುದು, ಒಪ್ಪಿಕೊಂಡಳು.

"ನನ್ನನ್ನ ಗೆಲ್ಲಿಸೋಕೆ ನೀನ್ಯಾರೇ? ಹಾಕು ನೂರಕ್ಕೆ!"

ಹಾಕಿದಳು. ಅಂಚೆಯವನು ಮೊದಲ ಛಾವಣಿಯಲ್ಲೇ ಬಿದ್ದ. ಮತ್ತೆ ಬಿದ್ದ. ಹತ್ತನೇ ಸಲ ಬಿದ್ದಾಗ ಅಕ್ಕ ಗೊಳೋ ಎಂದು ಅತ್ತಳು. "ಒಂದು ಗುಂಡಿ ಒತ್ತೋಕಾಗ್ತಿಲ್ಲ, ಇನ್ನು ಪಿಯಾನೋ ತಂತಿ ಹೇಗೆ ಬಿಗೀಲೇ?"

"ತಪ್ಪಾಯ್ತಕ್ಕ," ಎಂದು ತಂಗಿ ಬೆನ್ನು ಸವರಿದಳು.

ಅಕ್ಕ ಮೂಗೊರೆಸಿಕೊಂಡಳು. "ಬಾಯಿಬಿಟ್ಟು ಹೇಳಿದ್ರೆ ನಿನ್ನ ಗಂಟೇನು ಹೋಗ್ತಿತ್ತು? ಎಂಬತ್ತೈದೇ ಇಡು. ಆದ್ರೆ ಪರದೆ ಮೇಲೆ ದಪ್ಪಕ್ಷರದಲ್ಲಿ ಹಾಗಂತ ಬರಿ, ಸ್ಕೋರು ಹಳೇದರ ಜೊತೆ ಸೇರಿಸ್ಬೇಡ. ಮೊದಲು ಆ ಹಾಡನ್ನ ಶ್ರುತಿಗೆ ತಾ, ಕೇಳೋಕಾಗ್ತಿಲ್ಲ."

ವೇಗ ಹಾಗೇ ಇಟ್ಟು ಶ್ರುತಿಯೊಂದನ್ನೇ ಏರಿಸಲು ತಂಗಿ ಕೂತಳು. ಅಕ್ಕ ಬೆನ್ನ ಹಿಂದೆ.

"ಮೇಲೆ. ಇನ್ನೂ ಮೇಲೆ. ಅಯ್ಯೋ, ಹೆಚ್ಚಾಯ್ತು! ಒಂದು ಕೂದಲೆಳೆ ಕೆಳಗೆ. ಅದು ಕೂದಲೆಳೆನಾ? ಹಗ್ಗ!"

ಅರ್ಧ ಗಂಟೆ ಹೀಗೇ ಬೈದಳು. ಕೊನೆಗೆ ತಾಳ್ಮೆ ಕೆಟ್ಟು, "ಏಳು, ಕೊಡಿಲ್ಲಿ" ಎಂದು ತಂಗಿಯನ್ನು ತಳ್ಳಿ ಮೌಸ್ ಹಿಡಿದಳು. ಬೆರಳು ನಡುಗಿತು, ಜಾರಿತು, ಮತ್ತೆ ಹಿಂದಕ್ಕೆ ಬಂತು. ಕಣ್ಣು ಮುಚ್ಚಿ ಇಷ್ಟಿಷ್ಟೇ ಸರಿಸಿದಳು.

"ಹಾಂ, ಕೂಡ್ತು."

ಮೌಸಿನ ಮೇಲಿದ್ದದ್ದು ಬಲಗೈ. ಅದು ಅಕ್ಕನಿಗೆ ಗೊತ್ತಾಗುವ ಮೊದಲೇ ತಂಗಿ ಅಡುಗೆಮನೆಗೆ ಓಡಿಹೋಗಿ ಬಿಕ್ಕಿ ಬಿಕ್ಕಿ ಅತ್ತಳು.